ಬೆಳ್ಳಿತೆರೆ: ಮಗಳಿಗಾಗಿ ಎತ್ತಿದ ಕೈ

ಹರಪನಹಳ್ಳಿ ತಾಲ್ಲೂಕಿನ ನೀಲಗುಂದಕ್ಕೆ ದೂರದವರು ಹೋಗುವುದುಂಟಾದರೆ ಅದು ಸಾಮಾನ್ಯವಾಗಿ ಅಲ್ಲಿಯ ಭೀಮೇಶ್ವರ ದೇವಾಲಯವನ್ನು ಕಾಣುವುದಕ್ಕಾಗಿ. ಕಲ್ಯಾಣದ ಚಾಲುಕ್ಯರ ಕಾಲದ ಆ ಗುಡಿಯ ಕಲ್ಲಿನ ಕೆಲಸವನ್ನು ಮೆಚ್ಚಿ, ಒಂದೆರಡು ಚಿತ್ರ ತೆಗೆದುಕೊಂಡು, ಹೊತ್ತು ಮುಳುಗುವುದರೊಳಗೆ ಹಿಂದಿರುಗುತ್ತಾರೆ. ಊರಿನವರಿಗೆ ಹೊತ್ತು ಮುಳುಗಿದ ಮೇಲೆ ಬೇರೊಂದು ದರ್ಶನವುಂಟು. ಹಿಂದೀ ಚಲನಚಿತ್ರ ಇಂಥ ಊರುಗಳಿಗೆ ಬರುವುದು ನಡುಮನೆಯ ಟೆಲಿವಿಷನ್ ಪೆಟ್ಟಿಗೆಯಿಂದ; ಈಚಿನ ವರ್ಷಗಳಲ್ಲಿ ಅಂಗೈಯಲ್ಲಿರುವ ಫೋನಿನಿಂದ.

ಆಗ ಎಷ್ಟೋ ಮನೆಗಳಲ್ಲಿ ತಂದೆಗೆ ಮಗಳೇ ದುಭಾಷಿ. ತಂದೆಗೆ ಹಿಂದೀ ಬಾರದು. ಮಗಳು ಶಾಲೆಯಲ್ಲಿ ಮೂರನೆಯ ಭಾಷೆಯಾಗಿ ಕಲಿತಿರುತ್ತಾಳೆ. "ಏನಂತಾನವ್ವಾ?" ಎಂದು ಇವನು ಕೇಳುವುದು, "ಬೀಗರು ಬಂದಾರಂತಪ್ಪಾ" ಎಂದು ಅವಳು ಹೇಳುವುದು. ನಗುವ ಕಡೆ ಇಬ್ಬರೂ ನಗುತ್ತಾರೆ, ತಂದೆ ಒಂದು ಗಳಿಗೆ ತಡವಾಗಿ. ಹೊಡೆದಾಟಕ್ಕೆ ಅರ್ಥ ಹೇಳಬೇಕಾಗಿಲ್ಲ. ಅದು ಸರ್ವರಿಗೂ ತಿಳಿಯುವ ಭಾಷೆ.

'ಭೂಮಿ' ಎಂಬ ಹಿಂದೀ ಚಿತ್ರವನ್ನು ಹೀಗೆ ಜೊತೆಯಲ್ಲಿ ಕುಳಿತು ನೋಡಿದ ತಂದೆ-ಮಗಳ ಪಾಡನ್ನು ಊಹಿಸಬಹುದು. ಮೊದಲರ್ಧದಲ್ಲಿ ದುಭಾಷಿಗೆ ಬಿಡುವಿಲ್ಲದ ಕೆಲಸ. ಒಂದು ಹಂತಕ್ಕೆ ಬಂದಾಗ ಅವಳು ಸುಮ್ಮನಾಗುತ್ತಾಳೆ. ತಂದೆಯೂ ಕೇಳುವುದಿಲ್ಲ.

ಓಮಂಗ್ ಕುಮಾರ್ ಅವರು ನಿರ್ದೇಶಿಸಿದ ಈ ಚಿತ್ರ ತೆರೆಗೆ ಬಂದುದು 2017ರ ಸೆಪ್ಟೆಂಬರ್ 22ರಂದು. ಇದಕ್ಕೆ ಮೊದಲು ಮಣಿಪುರದ ಮುಷ್ಟಿಯೋಧೆಯನ್ನು ಕುರಿತ 'ಮೇರಿ ಕೋಮ್', ಪಾಕಿಸ್ತಾನದ ಸೆರೆಮನೆಯಲ್ಲಿ ನರಳಿದವನನ್ನು ಕುರಿತ 'ಸರಬ್‌ಜೀತ್' ಎಂಬ ಚಿತ್ರಗಳನ್ನು ಮಾಡಿ ಹೆಸರಾಗಿದ್ದವರು ಅವರು. ನಾಯಕನ ಪಾತ್ರ ಸಂಜಯ್ ದತ್ ಅವರದು. ಶಸ್ತ್ರಾಸ್ತ್ರ ಕಾಯಿದೆಯ ಪ್ರಕರಣದಲ್ಲಿ ಶಿಕ್ಷೆ ಮುಗಿಸಿ 2016ರ ಫೆಬ್ರವರಿಯಲ್ಲಿ ಪುಣೆಯ ಯೆರವಡಾ ಸೆರೆಮನೆಯಿಂದ ಹೊರಬಂದ ಬಳಿಕ ಅವರು ಆರಿಸಿಕೊಂಡ ಮೊದಲ ವೇಷವೇ ತಂದೆಯ ವೇಷ. ಮಗಳಾಗಿ ನಟಿಸಿದವರು ಅದಿತಿ ರಾವ್ ಹೈದರಿ.

ಕಥೆ ನಡೆಯುವುದು ಆಗ್ರಾ ನಗರದಲ್ಲಿ. ಅರುಣ್ ಸಚ್‌ದೇವ್ ಪಾದರಕ್ಷೆಯ ವ್ಯಾಪಾರಿ. ಹೆಂಡತಿಯಿಲ್ಲ, ಇರುವವಳು ಒಬ್ಬಳೇ ಮಗಳು, ಭೂಮಿ. ಅವನಿಗೆ ಕುಡಿತದ ಚಪಲವುಂಟು, ಅವಳಿಗೆ ಗದರುವ ಚಪಲವುಂಟು. ತಾಯಿಯ ಸ್ಥಾನವನ್ನು ತಂದೆ ತುಂಬುವುದರ ಬದಲು, ತಂದೆಗೇ ಮಗಳು ತಾಯಿಯಾಗಿರುವ ಮನೆ ಅದು. ಅವಳ ಮದುವೆ ಗೊತ್ತಾಗುತ್ತದೆ, ವರ ವೈದ್ಯ. ಅವಳನ್ನು ಬಯಸಿ ನಿರಾಕರಣೆಗೊಳಗಾದ ನೆರೆಯ ಹುಡುಗನೊಬ್ಬ, ತನ್ನ ದುಷ್ಟ ಬಂಧುವನ್ನು ಕೂಡಿಕೊಂಡು, ಮದುವೆಯ ಹೊಸ್ತಿಲಲ್ಲೇ ಅವಳ ಮೇಲೆ ಅತ್ಯಾಚಾರವೆಸಗುತ್ತಾನೆ. ಅವಳು ವರನಿಂದ ಏನನ್ನೂ ಮುಚ್ಚಿಡುವುದಿಲ್ಲ. ಮದುವೆಯ ದಿಬ್ಬಣ ಹಿಂದಿರುಗುತ್ತದೆ. ತಂದೆ-ಮಗಳು ಪೊಲೀಸರ ಬಳಿಗೆ ಹೋಗುತ್ತಾರೆ, ನ್ಯಾಯಾಲಯಕ್ಕೂ ಹೋಗುತ್ತಾರೆ, ಸೋಲುತ್ತಾರೆ. ಎಲ್ಲವನ್ನೂ ಮರೆತು ಬಾಳೋಣವೆಂದರೆ ನೆರೆಹೊರೆಯ ಬಾಯಿ ಬಿಡುವುದಿಲ್ಲ. ಆ ಮೇಲಿನದು ಸೇಡು. ರಕ್ತ ಧಾರಾಳವಾಗಿ ಹರಿಯುತ್ತದೆ.

ಚಿತ್ರ ಗಲ್ಲಾಪೆಟ್ಟಿಗೆಯಲ್ಲಿ ಸೋತಿತು. ಸೋತ ಚಿತ್ರವನ್ನು ಕುರಿತು ಇಷ್ಟು ಹೇಳುವುದೇಕೆಂದರೆ, ಇದರಲ್ಲಿ ಒಳ್ಳೆಯದೂ ಕೆಟ್ಟದ್ದೂ ಎರಡೂ ಎದ್ದು ಕಾಣುವಂತಿವೆ; ಮತ್ತು ಇದರ ಹಿಂದೆ ಒಂದು ಮನೆತನದ ಅರವತ್ತು ವರ್ಷದ ನೆನಪಿದೆ.

1957ರ ಅಕ್ಟೋಬರ್‌ನಲ್ಲಿ ಮೆಹಬೂಬ್ ಖಾನ್ ಅವರ 'ಮದರ್ ಇಂಡಿಯಾ' ಬಿಡುಗಡೆಯಾಯಿತು. ಅದರಲ್ಲಿ ತಾಯಿ ರಾಧೆಯಾಗಿ ನರ್ಗಿಸ್, ಅವಳ ಪುಂಡ ಮಗ ಬಿರ್ಜುವಾಗಿ ಸುನೀಲ್ ದತ್. ಚಿತ್ರೀಕರಣದಲ್ಲಿ ಬೆಂಕಿಯ ನಡುವೆ ಸಿಕ್ಕಿಕೊಂಡ ನರ್ಗಿಸ್ ಅವರನ್ನು ಸುನೀಲ್ ದತ್ ರಕ್ಷಿಸಿದ್ದು, ತೆರೆಯ ಮೇಲಿನ ತಾಯಿ-ಮಗ ತೆರೆಯ ಹೊರಗೆ 1958ರಲ್ಲಿ ಪತಿ-ಪತ್ನಿಯರಾದದ್ದು ಚಿತ್ರರಸಿಕರಿಗೆಲ್ಲ ತಿಳಿದ ಸಂಗತಿ. ಸಂಜಯ್ ದತ್ ಆ ದಂಪತಿಗಳ ಮಗ.

ಆ ಹಳೆಯ ಚಿತ್ರದ ಕೊನೆಯನ್ನು ಕಂಡವರು ಮರೆಯಲಾರರು. ಸಾಹುಕಾರ ಸುಖೀಲಾಲ ರಾಧೆಯ ಸಂಸಾರವನ್ನು ಹಿಂಡಿ ಹಿಪ್ಪೆ ಮಾಡಿದವನು. ಅವಳ ಮಾನಕ್ಕೂ ಕೈ ಚಾಚಿದವನು. ಬಿರ್ಜು ಅವನನ್ನು ಕೊಂದು, ಅವನ ಮಗಳು ರೂಪಾಳನ್ನು ಅವಳ ಮದುವೆಯ ದಿನವೇ ಕುದುರೆಯ ಮೇಲೆ ಹಾಕಿಕೊಂಡು ಹೊರಡುತ್ತಾನೆ. ತಾಯಿ ಕೋವಿ ಎತ್ತುತ್ತಾಳೆ. ಹಗೆಯ ಮಗಳಿಗಾಗಿ ಹೆತ್ತ ಮಗನನ್ನೇ ಗುಂಡಿಕ್ಕಿ ಕೆಡಹುತ್ತಾಳೆ. ಕೆಡಹಿದ ಮೇಲೆ ತಾನೇ ಓಡಿಹೋಗಿ ಅವನನ್ನು ಅಪ್ಪಿಕೊಳ್ಳುತ್ತಾಳೆ.

ಸರಿಯಾಗಿ ಅರವತ್ತು ವರ್ಷಗಳ ಬಳಿಕ ಆ ನಟಿಯ ಮಗ ಕೈ ಎತ್ತಿದ. ಈ ಬಾರಿ ತನ್ನ ಮಗಳಿಗಾಗಿ, ಬೇರೆಯವರ ಮಕ್ಕಳ ಮೇಲೆ. ಎರಡೂ ಚಿತ್ರಗಳಲ್ಲಿ ಮದುವಣಗಿತ್ತಿಯ ಅಪಹರಣವಿದೆ, ಹೆತ್ತವರ ಕೈಯ ಕೊಲೆಯಿದೆ. ಆದರೆ ರಾಧೆ ತನ್ನ ಕರುಳನ್ನು ತಾನೇ ಕೊಯ್ದುಕೊಂಡವಳು. ಅರುಣ್ ಸಚ್‌ದೇವನ ಕತ್ತಿ ಅವನ ಕರುಳಿಗೆ ತಾಕುವುದಿಲ್ಲ; ಪ್ರೇಕ್ಷಕರೆಲ್ಲ ದ್ವೇಷಿಸುವವರನ್ನು ಕೊಲ್ಲುವುದಕ್ಕೆ ತಂದೆಯ ಪ್ರೀತಿ ಬೇಕೇಬೇಕೆಂದಿಲ್ಲ, ಸ್ನಾಯುಬಲ ಸಾಕು. ಒಂದು ವೇಳೆ ಆ ದುಷ್ಟರ ಗುಂಪಿನಲ್ಲಿ ಅರುಣನ ಸ್ವಂತ ಮಗನೋ ತಮ್ಮನೋ ಇದ್ದಿದ್ದರೆ? ಹಿಂದೀ ಸಾಹಸಚಿತ್ರಗಳು ಆ ಪ್ರಶ್ನೆಯ ಹತ್ತಿರ ಹೋಗಲು ಹೆದರುತ್ತವೆ. 1957ರಲ್ಲಿ ಹೆದರಿರಲಿಲ್ಲ.

'ಭೂಮಿ'ಯ ಹೆಚ್ಚುಗಾರಿಕೆ ಇರುವುದು ಕತ್ತಿ ಹೊರಬರುವುದಕ್ಕೆ ಮೊದಲು. ಮಗಳು ಘಟನೆಯನ್ನು ಹೇಳಿಕೊಂಡಾಗ ತಂದೆ ಅವಳನ್ನು ದೂರುವುದಿಲ್ಲ, ಮುಚ್ಚಿಡು ಎನ್ನುವುದಿಲ್ಲ. ಅವಳ ಕೈ ಹಿಡಿದು ನ್ಯಾಯಾಲಯದ ಮೆಟ್ಟಿಲು ಹತ್ತುತ್ತಾನೆ. ಅಲ್ಲಿ ಎದುರು ಪಕ್ಷದ ವಕೀಲನ ಮಾತುಗಳನ್ನು ಕೇಳಿಕೊಂಡು ಕುಳಿತಿರುವುದು ಆ ಪಾತ್ರದ ನಿಜವಾದ ಶೌರ್ಯ. ದತ್ ಅವರ ಮುಖದ ಗೆರೆಗಳು ಅಲ್ಲಿ ತಾವಾಗಿಯೇ ಮಾತನಾಡುತ್ತವೆ. ವಯಸ್ಸೂ ಸೆರೆವಾಸವೂ ಅವರಿಗೆ ಬಣ್ಣದವನು ಬಳಿಯಲಾಗದ ಬಣ್ಣವನ್ನು ಬಳಿದಿವೆ. ನಿರ್ದೇಶಕರು ಈ ಭಾಗವನ್ನು ಅವಸರದಲ್ಲಿ ಮುಗಿಸಿದ್ದು ದೊಡ್ಡ ನಷ್ಟ. ಸೋಲುವುದಕ್ಕೆಂದೇ ಹೂಡಿದ ಮೊಕದ್ದಮೆಯಂತಿದೆ ಅದು: ಕಾನೂನು ಬೇಗ ಸೋತರೆ ಕತ್ತಿ ಬೇಗ ಬರಬಹುದಷ್ಟೆ.

ನ್ಯಾಯಾಲಯದ ದೃಶ್ಯಗಳ ವಿಷಯದಲ್ಲಿ ನಮ್ಮ ಚಲನಚಿತ್ರಗಳು ಒಟ್ಟಿನಲ್ಲಿ ದೇಶದ ಹೆಣ್ಣುಮಕ್ಕಳಿಗೆ ಅಪಕಾರವನ್ನೇ ಮಾಡಿವೆ ಎನ್ನಬೇಕು. ತುಂಬಿದ ಸಭೆ, ಗಹಗಹಿಸುವ ಜನ, ನಡತೆಯನ್ನು ಕೆದಕುವ ವಕೀಲ: ತೆರೆಯ ಮೇಲೆ ಇದನ್ನೇ ಕಂಡ ಕುಟುಂಬ ದೂರು ಕೊಡಲು ಹಿಂಜರಿದರೆ ಆಶ್ಚರ್ಯವಿಲ್ಲ. ಇಂಥ ಪ್ರಕರಣಗಳ ವಿಚಾರಣೆ ಮುಚ್ಚಿದ ಬಾಗಿಲ ಹಿಂದೆ ನಡೆಯಬೇಕೆಂದೂ ನೊಂದವಳ ಹೆಸರನ್ನು ಪ್ರಕಟಿಸುವುದು ಅಪರಾಧವೆಂದೂ 1983ರಲ್ಲೇ ಕಾನೂನಾಯಿತು. ಅವಳ ಹಿಂದಿನ ನಡತೆಯನ್ನು ಕುರಿತು ಪಾಟೀಸವಾಲಿನಲ್ಲಿ ಕೆದಕಕೂಡದೆಂದು 2003ರಲ್ಲಿ ಸಾಕ್ಷ್ಯ ಕಾಯಿದೆಗೆ ತಿದ್ದುಪಡಿ ಬಂದಿತು. ದೆಹಲಿಯ 2012ರ ಘೋರ ಪ್ರಕರಣದ ನಂತರ, 2013ರಲ್ಲಿ, ಶಿಕ್ಷೆಯನ್ನು ಹೆಚ್ಚಿಸಲಾಯಿತು. ಪುಸ್ತಕದಲ್ಲಿರುವುದೆಲ್ಲ ನ್ಯಾಯಾಲಯದಲ್ಲಿ ನಡೆಯುತ್ತದೆಯೆಂದಲ್ಲ. ಆದರೆ ಮಗಳ ಕೈ ಹಿಡಿದು ಹೊರಡುವ ತಂದೆಗೆ ಪುಸ್ತಕದಲ್ಲಿ ಏನಿದೆಯೆಂಬುದಾದರೂ ತಿಳಿದಿರಬೇಕಲ್ಲ!

ಇನ್ನೊಂದು ಮಾತನ್ನೂ ಹೇಳದೆ ಗತ್ಯಂತರವಿಲ್ಲ. ಒಬ್ಬ ಮಗಳ ದುಃಖಕ್ಕಾಗಿ ಎರಡು ಗಂಟೆ ಕಣ್ಣೀರಿಡುವ ಈ ಚಿತ್ರದೊಳಗೇ ಸನ್ನಿ ಲಿಯೋನಿ ಅವರ ಕುಣಿತವೊಂದನ್ನು ಗಂಡಸರ ಕಣ್ಣಿಗೆ ಹಬ್ಬವಾಗಲೆಂದು ತುರುಕಲಾಗಿದೆ. ಆ ವೇಷ ತೊಟ್ಟು ಕುಣಿಯುವವಳೂ ಒಬ್ಬ ತಂದೆಯ ಮಗಳೆಂಬುದು ನಿರ್ಮಾಪಕರಿಗೆ ಹೊಳೆಯಲಿಲ್ಲವೋ, ಹೊಳೆದರೂ ಟಿಕೆಟ್ಟಿನ ಲೆಕ್ಕ ಮೇಲಾಯಿತೋ.

ಅದೇ 2017ರಲ್ಲಿ ಇಂಥ ಸೇಡಿನ ಚಿತ್ರಗಳ ಸಾಲೇ ಬಂದಿತು. ಜನವರಿಯಲ್ಲಿ 'ಕಾಬಿಲ್': ಕುರುಡ ಗಂಡ ಹೆಂಡತಿಗಾಗಿ ಸೇಡು ತೀರಿಸಿಕೊಂಡ. ಏಪ್ರಿಲ್‌ನಲ್ಲಿ ರವೀನಾ ಟಂಡನ್ ಅವರ 'ಮಾತೃ', ಜುಲೈನಲ್ಲಿ ಶ್ರೀದೇವಿಯವರ 'ಮಾಮ್': ಎರಡರಲ್ಲೂ ತಾಯಿ. ಸೆಪ್ಟೆಂಬರ್‌ನಲ್ಲಿ ತಂದೆಯ ಸರದಿ. ಒಂದೇ ವರ್ಷದಲ್ಲಿ ಇಷ್ಟು ಮಂದಿ ಕಾನೂನನ್ನು ಕೈಗೆತ್ತಿಕೊಂಡರೆಂದರೆ ಪ್ರೇಕ್ಷಕರ ಮನಸ್ಸಿನಲ್ಲಿ ಯಾವುದೋ ಹುಣ್ಣು ಮಾಯದೆ ಉಳಿದಿತ್ತೆಂದು ತಿಳಿಯಬೇಕು.

ಸುನೀಲ್ ದತ್ ಅವರ ಮಾತು ಬಂದುದರಿಂದ ತೆರೆಯ ಹೊರಗಿನ ಒಂದು ಸಂಗತಿ ನೆನಪಾಗುತ್ತದೆ. ಪಂಜಾಬಿನಲ್ಲಿ ಭಯೋತ್ಪಾದನೆಯ ಬೆಂಕಿ ಉರಿಯುತ್ತಿದ್ದ 1987ರಲ್ಲಿ ಅವರು ಶಾಂತಿಯನ್ನು ಕೋರಿ ಮುಂಬಯಿಯಿಂದ ಅಮೃತಸರದ ಸ್ವರ್ಣಮಂದಿರದವರೆಗೆ ಕಾಲ್ನಡಿಗೆಯಲ್ಲಿ ಹೊರಟರು. ಸುಮಾರು 2,000 ಕಿಲೋಮೀಟರ್. ಜೊತೆಗೆ ನಡೆದವರಲ್ಲಿ ಮಗಳು ಪ್ರಿಯಾ ದತ್ ಒಬ್ಬರು. ತಂದೆ 2005ರಲ್ಲಿ ತೀರಿಕೊಂಡಾಗ ಅವರ ಲೋಕಸಭಾ ಸ್ಥಾನಕ್ಕೆ ನಿಂತು ಗೆದ್ದವರೂ ಆ ಮಗಳೇ. ಈ ನಡಿಗೆಯನ್ನು ಯಾರೂ ಸಾಹಸಚಿತ್ರವಾಗಿ ಮಾಡಿಲ್ಲ. ಮಾಡಬಹುದಿತ್ತು.

ಕನ್ನಡದ ಕಡೆಗೆ ತಿರುಗಿದರೆ ಇದೇ ಜಾಡಿನ ಎರಡು ಚಿತ್ರಗಳು ಎದುರಾಗುತ್ತವೆ. 2014ರ ಜೂನ್‌ನಲ್ಲಿ ಬಂದ 'ದೃಶ್ಯ' ಮಲೆಯಾಳದಿಂದ ತಂದದ್ದು, ನಿರ್ದೇಶನ ಪಿ. ವಾಸು ಅವರದು. ರವಿಚಂದ್ರನ್ ಅವರ ರಾಜೇಂದ್ರ ಪೊನ್ನಪ್ಪ ಕೇಬಲ್ ಟಿ.ವಿ. ನಡೆಸುವ ಅಲ್ಪವಿದ್ಯಾವಂತ. ಪೊಲೀಸ್ ಮೇಲಧಿಕಾರಿಣಿಯ ಮಗ ಇವನ ಮಗಳ ಸ್ನಾನದ ಚಿತ್ರವನ್ನು ಕದ್ದು ತೆಗೆದು ಬೆದರಿಸುತ್ತಾನೆ. ಮಗಳ ಕೈಯ ಪೆಟ್ಟಿಗೆ ಸಿಕ್ಕಿ ಸಾಯುತ್ತಾನೆ. ಇಲ್ಲಿ ತಂದೆ ಕತ್ತಿ ಹಿಡಿಯುವುದಿಲ್ಲ. ಸಿನಿಮಾ ನೋಡಿ ನೋಡಿ ಕಲಿತ ಬುದ್ಧಿಯನ್ನೇ ಹಿಡಿಯುತ್ತಾನೆ. ಇದು ಅಪರಾಧವನ್ನು ಮುಚ್ಚಿಡುವ ಕಥೆ. ನೀತಿಯ ದೃಷ್ಟಿಯಿಂದ ಎಷ್ಟು ಆಕ್ಷೇಪವಿದ್ದರೂ ಒಂದು ಗುಣವನ್ನು ಒಪ್ಪಲೇಬೇಕು. ಮಗಳನ್ನು ಒಂದು ಕ್ಷಣವೂ ಆತ ಹೀನಾಯವಾಗಿ ಕಾಣುವುದಿಲ್ಲ. ಸತ್ತವನ ತಾಯಿಯಾದ ಅಧಿಕಾರಿಣಿ ಆಶಾ ಶರತ್ ಅವರ ಪಾತ್ರದ ಸಂಕಟವನ್ನೂ ಚಿತ್ರ ಕಡೆಗಣಿಸುವುದಿಲ್ಲ. ಎದುರಿನವನೂ ಯಾರದೋ ಮಗನೆಂಬ ಅರಿವು ಅಲ್ಲಿದೆ.

ಎರಡನೆಯದು 2022ರ ಡಿಸೆಂಬರ್ 23ರಂದು ಬಂದ 'ವೇದ'. ಎ. ಹರ್ಷ ಅವರ ನಿರ್ದೇಶನ, ಶಿವರಾಜ್‌ಕುಮಾರ್ ಅವರ 125ನೆಯ ಚಿತ್ರ. ನಿರ್ಮಾಣದ ಹೊಣೆ ಹೊತ್ತವರು ಶ್ರೀಮತಿ ಗೀತಾ ಶಿವರಾಜ್‌ಕುಮಾರ್. ಇದರಲ್ಲಿ ತಂದೆಯೂ ಮಗಳು ಕನಕಳೂ ಜೋಡಿಯಾಗಿಯೇ ಸೇಡಿಗೆ ಹೊರಡುತ್ತಾರೆ. ಕನಕಳಾದವರು ನಟ ಅರುಣ್ ಸಾಗರ್ ಅವರ ಮಗಳು ಅದಿತಿ ಸಾಗರ್. ಹೊಡೆದಾಟ ಇಲ್ಲಿಯೂ ಹೇರಳ. ಎಳೆಯ ಮಕ್ಕಳನ್ನು ಜೊತೆಗೆ ಕರೆದೊಯ್ದವರು ಪಶ್ಚಾತ್ತಾಪಪಟ್ಟಿದ್ದರೆ ತಪ್ಪಿಲ್ಲ. ಆದರೆ ತಂದೆಯ ಬೆನ್ನ ಹಿಂದೆ ಅಳುತ್ತ ನಿಲ್ಲುವ ಮಗಳ ಬದಲು ಪಕ್ಕದಲ್ಲಿ ನಡೆಯುವ ಮಗಳನ್ನು ನಿಲ್ಲಿಸಿದ್ದು ಕನ್ನಡ ತೆರೆಗೆ ಹೊಸತು. ಅಷ್ಟರಮಟ್ಟಿಗೆ ಇದು 'ಭೂಮಿ'ಯನ್ನು ಮೀರಿದೆ.

ಇಷ್ಟಾದರೂ ಮೂರೂ ಚಿತ್ರಗಳು ಒಂದು ವಿಷಯದಲ್ಲಿ ಏಕಮತ. ಕೇಡು ಬರುವುದು ಹೊರಗಿನಿಂದ. ನೆರೆಯ ಪುಂಡ, ದೊಡ್ಡವರ ಮನೆಯ ಮಗ, ಊರಿನ ದುರುಳ. ಮನೆಯ ಹೊಸ್ತಿಲೊಳಗೆ ಮಗಳು ಸುರಕ್ಷಿತೆ. ಹೊಸ್ತಿಲಲ್ಲಿ ತಂದೆ ನಿಂತಿದ್ದಾನೆ. ಈ ನಂಬಿಕೆಯನ್ನು ನೀಲಗುಂದದ ಸುತ್ತಿನ ಸೀಮೆಯಲ್ಲಿ ಇಟ್ಟು ನೋಡಿದರೆ ಅದು ನಿಲ್ಲುವುದು ಕಷ್ಟ.

ಹರಪನಹಳ್ಳಿ, ಹಡಗಲಿ, ಕೂಡ್ಲಿಗಿ, ಹಗರಿಬೊಮ್ಮನಹಳ್ಳಿ, ಕೊಟ್ಟೂರು: ಈ ತಾಲ್ಲೂಕುಗಳಲ್ಲಿ ಹೆಣ್ಣುಮಕ್ಕಳಿಗೆ ಮುತ್ತು ಕಟ್ಟಿ ದೇವರಿಗೆ ಬಿಡುವ ಪದ್ಧತಿ ಬಹುಕಾಲ ಬೇರೂರಿತ್ತು. ಬಳ್ಳಾರಿ ಸೀಮೆಯಲ್ಲಿ ಅಂಥವಳನ್ನು ಬಸವಿ ಎಂದು ಕರೆಯುತ್ತಿದ್ದರು. ಹತ್ತೊಂಬತ್ತನೆಯ ಶತಮಾನದ ಕೊನೆಯಲ್ಲಿ ಫಾಸೆಟ್ ಎಂಬ ಆಂಗ್ಲ ಪೊಲೀಸ್ ಅಧಿಕಾರಿ ಈ ಬಸವಿಯರನ್ನು ಕುರಿತು ಬರೆದು ವಿದ್ವಾಂಸರ ಗಮನ ಸೆಳೆದಿದ್ದ. ಬಡತನ, ಹರಕೆ, ಜಾತಿಯ ಕಟ್ಟು, ಮೇಲಿನವರ ಒತ್ತಾಯ ಎಲ್ಲವೂ ಇದರ ಹಿಂದೆ ಇದ್ದವು. ಆದರೆ ಗಂಡುಸಂತಾನವಿಲ್ಲದ ಮನೆಯಲ್ಲಿ ಇನ್ನೊಂದು ಲೆಕ್ಕವಿತ್ತು. ಮದುವೆಯಾದ ಮಗಳು ಪರರ ಮನೆ ಸೇರುತ್ತಾಳೆ; ಬಸವಿಯಾಗಿ ಬಿಟ್ಟ ಮಗಳು ಮನೆಯಲ್ಲೇ ಉಳಿಯುತ್ತಾಳೆ. ಮಗನಂತೆ ಆಸ್ತಿಗೆ ಹಕ್ಕುದಾರಳಾಗುತ್ತಾಳೆ, ಮುಪ್ಪಿನಲ್ಲಿ ತಂದೆ-ತಾಯಿಯನ್ನು ಸಾಕುತ್ತಾಳೆ, ತಂದೆ ತೀರಿದರೆ ಮಗನ ಸ್ಥಾನದಲ್ಲಿ ನಿಂತು ಕರ್ಮಾಂತರವನ್ನು ಮಾಡುತ್ತಾಳೆ. ಮಗಳನ್ನು ಅಗಲಲಾರದ ತಂದೆ, ತಂದೆಯನ್ನು ಕೈಬಿಡದ ಮಗಳು! ಕಥೆಯ ಹೊರಮೈ 'ಭೂಮಿ'ಯ ಅರುಣನ ಮನೆಯದೇ. ಒಳಗೆ ಮಾತ್ರ, ಆ ಮಗಳ ಶರೀರದ ಮೇಲೆ ಅವಳಿಗೇ ಹಕ್ಕಿಲ್ಲ. ಅವಳಿಗೆ ಹುಟ್ಟುವ ಮಕ್ಕಳಿಗೆ ತಂದೆಯಿಲ್ಲ.

ಇಲ್ಲಿ ಕತ್ತಿ ಹಿಡಿದ ತಂದೆ ಯಾರ ಮೇಲೆ ಎರಗಬೇಕು?

ಹರಪನಹಳ್ಳಿ ತಾಲ್ಲೂಕಿನಲ್ಲೇ ಇರುವ ಉಚ್ಚಂಗಿದುರ್ಗದ ಬೆಟ್ಟದ ದೇವಿಗೆ ಭರತ ಹುಣ್ಣಿಮೆಯಂದು ಜನ ದೊಡ್ಡ ಸಂಖ್ಯೆಯಲ್ಲಿ ಸೇರುತ್ತಾರೆ. ಗುಟ್ಟಾಗಿ ಮುತ್ತು ಕಟ್ಟುವುದನ್ನು ತಡೆಯಲು ಆ ಜಾತ್ರೆಯಲ್ಲಿ ಅಧಿಕಾರಿಗಳು ಕಾವಲಿರಬೇಕಾಗಿ ಬಂದಿದೆ. ದುರುಳನಿಂದ ಕಾಪಾಡುವುದಕ್ಕಲ್ಲ, ಹೆತ್ತವರು ಕೈ ಹಿಡಿದು ಕರೆತರಬಹುದಾದ ಮಗಳನ್ನು ಕಾಪಾಡುವುದಕ್ಕೆ. ರಾಜ್ಯದಲ್ಲಿ ಎರಡು ಸಲ ನಡೆದ ಗಣತಿಯಲ್ಲಿ ಲೆಕ್ಕಕ್ಕೆ ಸಿಕ್ಕಿದ ದೇವದಾಸಿಯರೇ 46,000ಕ್ಕೂ ಹೆಚ್ಚು.

ನೀಲಗುಂದದ ನೆಲಕ್ಕೆ ಈ ಬಗ್ಗೆ ಮೊದಲ ನಿಷೇಧ ಬಂದುದು ಬೆಂಗಳೂರಿನಿಂದಲ್ಲ, ಮದರಾಸಿನಿಂದ. 1953ರ ಅಕ್ಟೋಬರ್ 1ರವರೆಗೆ ಈ ತಾಲ್ಲೂಕು ಮದರಾಸು ಪ್ರಾಂತಕ್ಕೆ ಸೇರಿತ್ತು. (ಆ ಮೇಲೂ ಅದಕ್ಕೆ ನೆಮ್ಮದಿಯಿಲ್ಲ: 1997ರಲ್ಲಿ ಬಳ್ಳಾರಿಯಿಂದ ದಾವಣಗೆರೆ ಜಿಲ್ಲೆಗೆ, ಬಳಿಕ ಮತ್ತೆ ಬಳ್ಳಾರಿಗೆ, 2021ರಿಂದ ವಿಜಯನಗರಕ್ಕೆ. ಒಂದು ಮನೆಯಲ್ಲಿ ನಿಲ್ಲಗೊಡದೆ ಓಡಾಡಿಸಿದ ಮಗಳಂತೆ.) ಮದರಾಸಿನ ದೇವದಾಸಿ ನಿಷೇಧ ಕಾಯಿದೆ ಅಂಗೀಕಾರವಾದದ್ದು 1947ರಲ್ಲಿ. ಅದಕ್ಕಾಗಿ 1920ರ ದಶಕದ ಕೊನೆಯಿಂದ ಹೋರಾಡಿದವರು ಡಾ. ಮುತ್ತುಲಕ್ಷ್ಮಿ ರೆಡ್ಡಿ, ಮದರಾಸು ಶಾಸನಸಭೆಯ ಮೊದಲ ಮಹಿಳಾ ಸದಸ್ಯೆ.

ಈ ಮುತ್ತುಲಕ್ಷ್ಮಿಯವರ ಬಾಳೇ ತಂದೆ-ಮಗಳ ಒಂದು ಕಥೆ. 1886ರಲ್ಲಿ ಪುದುಕ್ಕೋಟೈ ಸಂಸ್ಥಾನದಲ್ಲಿ ಹುಟ್ಟಿದವರು. ತಾಯಿ ಚಂದ್ರಮ್ಮಾಳ್ ದೇವದಾಸಿ ಮನೆತನದವರು. ತಂದೆ ನಾರಾಯಣಸ್ವಾಮಿ ಅಯ್ಯರ್ ಅಲ್ಲಿಯ ಮಹಾರಾಜಾ ಕಾಲೇಜಿನ ಪ್ರಾಂಶುಪಾಲರಾಗಿದ್ದವರು. ಆ ಕಾಲದ ಇಂಥ ಎಷ್ಟೋ ದೊಡ್ಡಮನುಷ್ಯರಂತೆ ರಾತ್ರಿಯಲ್ಲಿ ಬಂದು ಬೆಳಗಾಗುವುದರೊಳಗೆ ಹೋಗುವುದು ಅವರಿಗೂ ಸುಲಭವಾಗಿತ್ತು. ಅವರು ಆಕೆಯನ್ನು ಹೆಂಡತಿಯೆಂದು ಒಪ್ಪಿಕೊಂಡರು. ಸ್ವಂತ ಬಂಧುಬಳಗ ದೂರವಾಯಿತು. ಮಗಳು ದೊಡ್ಡವಳಾದಾಗ ಊರಿನ ವಾಡಿಕೆಯಂತೆ ಶಾಲೆ ಬಿಡಿಸಿದರೂ ಓದು ಬಿಡಿಸಲಿಲ್ಲ. ಮನೆಯಲ್ಲೇ ಪಾಠ ಮುಂದುವರಿಯಿತು. ಹುಡುಗರ ಕಾಲೇಜಿಗೆ ಹುಡುಗಿಯನ್ನು, ಅದರಲ್ಲೂ ಇಂಥ ತಾಯಿಯ ಮಗಳನ್ನು, ಸೇರಿಸಕೂಡದೆಂದು ಊರು ತಕರಾರೆತ್ತಿತು. ಸಂಸ್ಥಾನದ ದೊರೆ ಅಪ್ಪಣೆ ಕೊಟ್ಟುದರಿಂದ ಪ್ರವೇಶ ದೊರೆಯಿತು. 1912ರಲ್ಲಿ ಆಕೆ ಮದರಾಸು ವೈದ್ಯಕೀಯ ಕಾಲೇಜಿನಿಂದ ವೈದ್ಯೆಯಾಗಿ ಹೊರಬಂದರು. ಶಾಸನಸಭೆಯಲ್ಲಿ ದೇವದಾಸಿ ಪದ್ಧತಿಯನ್ನು ಖಂಡಿಸುವಾಗ ಆಕೆ ಪುಸ್ತಕದಲ್ಲಿ ಓದಿದ್ದನ್ನು ಹೇಳುತ್ತಿರಲಿಲ್ಲ.

ಅಯ್ಯರ್ ಅವರು ಯಾರನ್ನೂ ಹೊಡೆಯಲಿಲ್ಲ. ಅವರು ಮಾಡಿದ್ದು ತಮ್ಮ ಹೆಸರನ್ನು ಮಗಳಿಗೆ ಹಗಲು ಬೆಳಕಿನಲ್ಲಿ ಕೊಟ್ಟದ್ದು, ಅದಕ್ಕಾಗಿ ತಮ್ಮವರ ಪಂಕ್ತಿಯನ್ನು ಕಳೆದುಕೊಂಡದ್ದು. ಇಂಥ ತಂದೆಯನ್ನು ಸಾಹಸಚಿತ್ರದವರು ತೆಗೆದುಕೊಳ್ಳುವುದಿಲ್ಲ. ಹೊಡೆದಾಟದ ಸಂಯೋಜಕರಿಗೆ ಅದರಲ್ಲಿ ಕೆಲಸವಿಲ್ಲ.

ಮುಂದೆ ಕರ್ನಾಟಕ ತನ್ನದೇ ನಿಷೇಧ ಕಾಯಿದೆಯನ್ನು 1982ರಲ್ಲಿ ಮಾಡಿತು. ಅದು ಜಾರಿಗೆ ಬಂದುದು 1984ರಲ್ಲಿ. ಮುತ್ತು ಕಟ್ಟುವ ಹೆತ್ತವರಿಗೆ ಅದರಲ್ಲಿ ಶಿಕ್ಷೆಯಿದೆ. ಆದರೆ ಆ ತಾಯಂದಿರಿಗೆ ಹುಟ್ಟಿದ ಮಕ್ಕಳ ಕಷ್ಟ ಬೇರೆಯ ಕಡೆ ಕಾದಿತ್ತು: ಶಾಲೆಯ ಅರ್ಜಿಯಲ್ಲಿ, ಸರಕಾರೀ ಕಚೇರಿಯ ಕಾಗದದಲ್ಲಿ, ಮದುವೆಯ ಮಾತುಕತೆಯಲ್ಲಿ. ಎಲ್ಲ ಕಡೆಯೂ ಅದೇ ಒಂದು ಪ್ರಶ್ನೆ, ನಿನ್ನ ತಂದೆ ಯಾರು? 2025ರ ಆಗಸ್ಟ್‌ನಲ್ಲಿ ವಿಧಾನಸಭೆಯ ಒಪ್ಪಿಗೆ ಪಡೆದ ಹೊಸ ಮಸೂದೆ ಈ ಪ್ರಶ್ನೆಯ ಬಾಯಿ ಕಟ್ಟಲು ಯತ್ನಿಸಿದೆ. ಇಂಥ ಮಕ್ಕಳು ಅರ್ಜಿಗಳಲ್ಲಿ ತಂದೆಯ ಹೆಸರನ್ನು ಬರೆಯಲೇಬೇಕೆಂಬ ಬಲವಂತ ಕೂಡದು. ಬೇಕೆಂದರೆ, ತಂದೆ ಯಾರೆಂಬುದನ್ನು ಡಿ.ಎನ್.ಎ. ಪರೀಕ್ಷೆಯ ಮೂಲಕವಾದರೂ ಸ್ಥಾಪಿಸಿಕೊಂಡು, ಅವನ ಆಸ್ತಿಯಲ್ಲಿ ಪಾಲು ಕೇಳುವ ಹಕ್ಕುಂಟು. ಹೆಸರನ್ನು ಕೇಳಬೇಡಿ ಎನ್ನುವ ಹಕ್ಕು, ಹೆಸರನ್ನು ಕೊಡಿ ಎನ್ನುವ ಹಕ್ಕು ಎರಡೂ ಒಂದೇ ಮಸೂದೆಯಲ್ಲಿ.

ಅಂಥ ಪರೀಕ್ಷೆಯನ್ನು ಕೇಳಲು ಹೊರಡುವ ಮಗಳೊಬ್ಬಳ ಕಥೆಯನ್ನು ಕನ್ನಡದ ನಿರ್ದೇಶಕರಾರಾದರೂ ಎತ್ತಿಕೊಳ್ಳಬಹುದು. ತಾಲ್ಲೂಕು ಕಚೇರಿಗೆ ಬಸ್ಸು ಹತ್ತುವ ಹುಡುಗಿ, ಅದೇ ಊರಿನಲ್ಲಿ ಗೌರವಸ್ಥನಾಗಿ ಬಾಳುತ್ತಿರುವ ಮುದುಕ, ನಡುವೆ ಬಾಯಿಬಿಡದ ತಾಯಿ. ಸಾಹಸಕ್ಕೆ ಕೊರತೆಯಿಲ್ಲ. ಖಳನಾಯಕನೂ ತಂದೆಯೂ ಒಬ್ಬನೇ ಆಗಿರುವುದರಿಂದ ಸಂಭಾವನೆಯ ಖರ್ಚೂ ಒಂದು ಕಡಿಮೆ. 'ಮದರ್ ಇಂಡಿಯಾ'ದ ರಾಧೆಯಂತೆ ತನ್ನ ಕರುಳಿಗೇ ಎದುರಾಗಿ ನಿಲ್ಲಬೇಕಾದ ಪಾತ್ರ ಅಲ್ಲಿ ಸಿಗುತ್ತದೆ.

ಅದು ಬರುವವರೆಗೆ ಟೆಲಿವಿಷನ್ ಪೆಟ್ಟಿಗೆಯಲ್ಲಿ 'ಭೂಮಿ' ಮತ್ತೆ ಬಂದೀತು. ನ್ಯಾಯಾಲಯದ ದೃಶ್ಯ ಬಂದಾಗ, ವಕೀಲ ಆ ಹುಡುಗಿಯನ್ನು ಏನೋ ಕೇಳುತ್ತಾನೆ, ಅವಳು ತಲೆ ತಗ್ಗಿಸುತ್ತಾಳೆ. ನೀಲಗುಂದದ ನಡುಮನೆಯಲ್ಲಿ ಮಗಳು ಬಾಯಿ ತೆರೆಯದೆ ಕುಳಿತಿರುತ್ತಾಳೆ. ಈ ಸಲ ತಂದೆ "ಏನಂತಾನವ್ವಾ?" ಎಂದು ಕೇಳಬೇಕು, ಅವಳು ಅರ್ಥ ಹೇಳಬೇಕು. ಹೊಡೆದಾಟಕ್ಕೆ ಇನ್ನೂ ಅರ್ಧ ಗಂ‍ಟೆಯಿರುತ್ತದೆ.